ಹಗ್ಗದ ಈಚೆ ತುದಿ

ಮೊದಲೇ ಹೇಳಿಬಿಡ್ತೀನಿ, ನನಗೆ ಬರೆದು ಅಭ್ಯಾಸವಿಲ್ಲ. ಹಿಂದುಮುಂದಾದರೆ ಕ್ಷಮಿಸಿ. ಆದರೆ ನಡೆದದ್ದು ನಿಜ. ನಡೆದದ್ದು ನಮ್ಮ ಚಿಕ್ಕಪ್ಪನ ಮಗನಿಗೆ, ಅಂದರೆ ನನಗೆ ಅಣ್ಣನಾಗಬೇಕು. ಅವನು ಈಗ ಪಕ್ಕದ ಕೋಣೆಯಲ್ಲೇ ಇದ್ದಾನೆ, ಬೇಕಾದರೆ ಕೇಳಿ.

ಅಣ್ಣ ಮತ್ತು ಅವನ ಭಾವ, ಅಂದರೆ ಅಕ್ಕನ ಗಂಡ, ಕಾಡಿನ ತೊರೆಯೊಂದರ ಕಾವಲುಗಾರರು. ತೊರೆಯ ಬಗ್ಗೆ ಸ್ವಲ್ಪ ಹೇಳಲೇಬೇಕು, ಇಲ್ಲದಿದ್ದರೆ ಮುಂದಿನದು ಅರ್ಥವಾಗುವುದಿಲ್ಲ. ಈಚೆ ದಡದಲ್ಲಿ ಗೇಟು. ಆಚೆ ದಡದಲ್ಲಿ ಬಿಳಿ ಮರಳು, ಈಜಲು ತಣ್ಣನೆಯ ಮಡು. ಜನ ಬರುವುದೇ ಅದಕ್ಕೆ. ನಡುವೆ ಮೊಣಕಾಲುದ್ದ ನೀರು. ಆದರೆ ಮೇಲೆ ಬೆಟ್ಟದಲ್ಲಿ ಮಳೆಯಾದರೆ, ಇಲ್ಲಿ ಒಂದು ಹನಿ ಬೀಳದಿದ್ದರೂ, ಕಾಲು ಗಂಟೆಯಲ್ಲಿ ಎದೆಮಟ್ಟ. ಅದಕ್ಕೇ ಅಡ್ಡಲಾಗಿ ಒಂದು ಹಗ್ಗ. ಆಚೆ ತುದಿ ಯಾವಾಗಲೂ ಮರಕ್ಕೆ ಕಟ್ಟಿರುತ್ತದೆ. ಈಚೆ ತುದಿಯನ್ನು ಸಂಜೆ ಬಿಚ್ಚಿ ನೀರಿಗೆ ಬಿಡುತ್ತಾರೆ, ರಾತ್ರಿ ದಿಮ್ಮಿ ತೇಲಿಬಂದು ಹಗ್ಗ ಕಿತ್ತುಹೋಗಬಾರದಲ್ಲ.

ಇನ್ನೊಂದು. ಪಾಚಿ ಜಾರುತ್ತದೆಂದು ಎಲ್ಲರೂ ಚಪ್ಪಲಿ ಈಚೆಯೇ ಬಿಟ್ಟು ದಾಟಬೇಕು. ಸಂಜೆ ಇವರು ತಲೆ ಎಣಿಸುವುದಿಲ್ಲ, ಚಪ್ಪಲಿ ನೋಡುತ್ತಾರೆ. ಒಂದು ಜೊತೆಯೂ ಉಳಿದಿಲ್ಲವೆಂದರೆ ಎಲ್ಲರೂ ಬಂದಾಯಿತು.

ಆ ದಿನ ಅಣ್ಣನ ಅಂಗಾಲಿಗೆ ಗಾಜು ಚುಚ್ಚಿ ಪಟ್ಟಿ ಕಟ್ಟಿತ್ತು. ಮುಚ್ಚುವ ಹೊತ್ತಿಗೆ ಯಾರೋ ಆಚೆ ಕನ್ನಡಕ ಮರೆತರೆಂದು ಹೋದ. ಚಪ್ಪಲಿ ಹಾಕಿಕೊಂಡೇ ಹೋದ. ಭಾವ ಗೇಟಿನ ಹತ್ತಿರ ಇದ್ದರು. ಇವನು ಹೇಳಲಿಲ್ಲ.

ಕನ್ನಡಕ ಸಿಗುವಷ್ಟರಲ್ಲಿ ನೀರಿನ ಸದ್ದು ಬದಲಾಯಿತು. ಗುಳುಗುಳು ಅನ್ನುತ್ತಿದ್ದದ್ದು... ಧೋ ಅಂತು. ಅಡಿಯಲ್ಲಿ ಕಲ್ಲುಗಳು ಉರುಳುವ ಕಟಕಟ. ಕತ್ತಲು ಬೇರೆ. ಹಿಂದೆ ನೆಟ್ಟಗಿನ ಬಂಡೆ, ಹತ್ತಲಾಗದು. ಮರಳು ಮುಳುಗುತ್ತಿತ್ತು. ದಾಟಲೇಬೇಕು.

ಹಗ್ಗ ಹಿಡಿದ. ಮೂರು ಸಲ ಎಳೆದ. ಈಚೆ ಯಾರಾದರೂ ಇದ್ದರೆ ತಿರುಗಿ ಮೂರು ಸಲ ಎಳೆಯಬೇಕು, ಅದು ಅವರ ಲೆಕ್ಕ.

ಒಂದು... ಎರಡು... ಮೂರು. ಎಳೆದರು.

"ಭಾವಾ, ಬಿಗಿಯಾಗಿ ಹಿಡ್ಕೊಂಡಿದೀರಾ?"

"ಹೂಂ."

"ಬಿಟ್ಟುಬಿಟ್ಟೀರಾ ಮತ್ತೆ! ಅಕ್ಕ ನಿಮ್ಮನ್ನ ಮನೆಗೆ ಸೇರಿಸಲ್ಲ."

ಭಯಕ್ಕೆ ಆಡಿದ ತಮಾಷೆ ಅದು. ಹಗ್ಗ ಕಿರ್ರ್... ಎಂದು ಇನ್ನಷ್ಟು ಬಿಗಿಯಾಯಿತು.

ಇಳಿದ. ಸೊಂಟ. ಎದೆ. ನಡುನೀರಿನಲ್ಲಿ ಕಾಲು ಎದ್ದುಹೋಯಿತು, ಮೈಯೆಲ್ಲಾ ಹಗ್ಗಕ್ಕೆ ಜೋತುಬಿತ್ತು. ಹಗ್ಗ ಒಂದಿಂಚೂ ಸಡಿಲವಾಗಲಿಲ್ಲ. ಕೈಯ ಮೇಲೆ ಕೈಯಿಟ್ಟು ದಡಕ್ಕೆ ಬಂದು ಬಿದ್ದ.

ಯಾರೂ ಇಲ್ಲ.

ಗೇಟಿನ ಕಡೆಯಿಂದ ಟಾರ್ಚು ಓಡಿ ಬಂತು. "ಲೋ! ನೀನು ಆಚೆ ಇದ್ಯಾ?" ಭಾವ ಕೂಗಿದರು. "ಒಂದು ಚಪ್ಪಲಿಯೂ ಇರಲಿಲ್ಲವಲ್ಲೋ! ಅರ್ಧ ಗಂಟೆ ಹಿಂದೆಯೇ ಹಗ್ಗ ಬಿಚ್ಚಿ ನೀರಿಗೆ ಬಿಟ್ಟೆ. ಹೇಗೋ ಬಂದೆ?"

"ನೀವು ಹಿಡ್ಕೊಂಡಿರಲಿಲ್ವಾ?"

"ನಾನು ಬೀಗ ಹಾಕ್ತಿದ್ದೆ ಕಣೋ..."

ಇಬ್ಬರೂ ಟಾರ್ಚು ಬಿಟ್ಟು ನೋಡಿದರು. ಹಗ್ಗದ ತುದಿ ಕಲ್ಲಿನ ಮೇಲೆ ಬಿದ್ದಿತ್ತು. ಯಾವುದಕ್ಕೂ ಕಟ್ಟಿರಲಿಲ್ಲ. ಅಣ್ಣ ಮುಟ್ಟಿದ. ಒಂದು ಗೇಣಿನಷ್ಟು ಜಾಗ ಒಣಗಿತ್ತು. ಬೆಚ್ಚಗಿತ್ತು... ಬಹಳ ಹೊತ್ತು ಯಾರೋ ಮುಷ್ಟಿಯಲ್ಲಿ ಹಿಡಿದಿದ್ದ ಹಾಗೆ.

ಬಿಸಿಲಿಗೆ ಕಾದಿರಬಹುದು ಅಂತೀರಿ. ಇಲ್ಲ. ಆ ಜಾಗಕ್ಕೆ ಬಿಸಿಲೇ ಬೀಳುವುದಿಲ್ಲ. ಯಾಕೆಂದರೆ ಮೇಲಿನ ಬಂಡೆ ಪಡುವಣಕ್ಕೆ ಹೀಗೆ ಬಾಗಿದೆ, ಅದರ ಮೇಲೆ ಮರ, ಹಾಗಾಗಿ ಮಧ್ಯಾಹ್ನವೂ ಅಲ್ಲಿ... ಇರಿ, ಅಣ್ಣ ಕರೀತಿದ್ದಾನೆ. ಸ್ನಾನಕ್ಕೆ ಹೊರಟಿದ್ದಾನೆ, ಬಚ್ಚಲಿನ ಬಾಗಿಲ ಹತ್ತಿರ ಯಾರಾದರೂ ನಿಂತಿರಬೇಕು. ಬಂದೆ ಅಣ್ಣಾ!