ಹೊಳೆದದ್ದಕ್ಕೂ ಪೇಡೆ

ಮುಂಬೈಯ ಘಾಟ್ಕೋಪರ್ ಸ್ಟೇಷನ್ ಹತ್ತಿರದ ಮಿಠಾಯಿ ಅಂಗಡಿಯ ಸಾಲಿನಲ್ಲಿ ನಿಂತಿದ್ದ ಉಡುಪಿಯ ವಿನೋದಿನಿಗೆ ಮುಂದಿನಿಂದ ಕನ್ನಡ ಕೇಳಿಸಿ ಕಿವಿ ನಿಮಿರಿತು. ವಿಜಯಪುರದ ಕಡೆಯ ಅತ್ತೆ, ಆಗಷ್ಟೇ ಆಫೀಸಿನಿಂದ ಬಂದ ಸೊಸೆ.

“ಅತ್ತಿ, ಪೇಡೆ ಯಾಕ್ರಿ?”

“ಮುಚ್ಚಿಡಬ್ಯಾಡ ಮಾಧುರಿ. ಮುಂಜಾನೆ ಫೋನಿನ ಮೀಟಿಂಗಿನ್ಯಾಗ ನಿಮ್ಮ ಸಾಹೇಬ್ರು ‘ಮಾಧುರೀ ನೇ ಕನ್ಸೀವ್ ಕಿಯಾ’ ಅಂದದ್ದು ಕೇಳೀನಿ. ನಮ್ಮ ಮಗಳು ಸೌಮ್ಯಾ ಬಸುರಾದಾಗ ಡಾಕ್ಟರೂ ಇದ ಶಬ್ದ ಹೇಳಿದ್ರು.”

“ಅಯ್ಯೋ, ಅದು ಜಾಹೀರಾತಿನ ಐಡಿಯಾರಿ! ಯಾರ ತಲಿಯಾಗ ಮೊದಲು ಬರ್ತದೋ, ಅವರು ಕನ್ಸೀವ್ ಮಾಡಿದ್ರು ಅಂತಾರ.”

ಅತ್ತೆ ಬಿಚ್ಚಿದ್ದ ಪರ್ಸನ್ನು ಮೆಲ್ಲಗೆ ಮುಚ್ಚಿದರು. ವಿನೋದಿನಿಗೆ ಪಾಪ ಅನ್ನಿಸಿತು.

“ಬ್ಯಾಸರಾತೇನ್ರಿ?”

“ಸ್ವಲ್ಪ ಆತು. ಸಾಹೇಬ್ರು ಎಲ್ಲಾರ ಮುಂದ ನಿನ್ನ ಹೆಸರು ಹೇಳಿದ್ರೇನು?”

“ಹೂಂರಿ, ಫಸ್ಟ್ ಟೈಮ್. ಇಷ್ಟು ದಿನ ನನ್ನ ಐಡಿಯಾ ಎಲ್ಲಾ ತಮ್ಮದ ಅಂತಿದ್ರು.”

“ಹಂಗಾದ್ರ ಪೇಡೆ ತಗೋಳೂದ. ಭಯ್ಯಾ, ಏಕ್ ಕಿಲೋ ದೋ.”

“ಬಿಲ್ಡಿಂಗಿನ್ಯಾಗ ಏನಂತ ಹೇಳ್ತೀರಿ?”

“ನಮ್ಮ ಸೊಸೀಗೆ ಹೊಸಾದೊಂದು ಹೊಳದದ ಅಂತ ಹೇಳ್ತೀನಿ. ಬಾಯಿ ಸಿಹಿ ಮಾಡಾಕ ಅಷ್ಟು ಸಾಲದೇನು?”

ಸೊಸೆ ನಗುತ್ತ ಪೆಟ್ಟಿಗೆ ಎತ್ತಿಕೊಂಡಳು. ಅತ್ತೆ ಅವಳ ತೋಳು ಹಿಡಿದು ರಿಕ್ಷಾಗಳ ಕಡೆ ನಡೆದರು.