ಸಂಬಂಧಪಟ್ಟವರು ಒಪ್ಪಿದ ಇತಿಹಾಸ

ಮಾನ್ಯ ಅಧ್ಯಕ್ಷರೇ, ಅಧ್ಯಕ್ಷರ ಎಡಬಲದಲ್ಲಿ ಕುಳಿತು ಯಾರ ಕುರ್ಚಿ ಅವರಿಗೆ ಹೆಚ್ಚು ಹತ್ತಿರವಿದೆ ಎಂದು ಕಣ್ಣಲ್ಲೇ ಅಳೆಯುತ್ತಿರುವ ಗಣ್ಯರೇ, ನಮ್ಮ ಜಿಲ್ಲೆಯ ಇತಿಹಾಸವನ್ನು ಬರೆದು, ತಿದ್ದಿ, ಇನ್ನಷ್ಟು ತಿದ್ದಿ ಈ ಸ್ಥಿತಿಗೆ ತಂದಿರುವ ಸಮಿತಿಯ ಸದಸ್ಯರೇ, ಫ್ಯಾನಿನ ಕೆಳಗೆ ಜಾಗ ಹಿಡಿದಿರುವ ಅದೃಷ್ಟವಂತರೇ, ಹಿಡಿಯಲಾಗದ ಉಳಿದ ಸಭಿಕರೇ,

ಈ ಮಹಾಗ್ರಂಥವನ್ನು ಬಿಡುಗಡೆ ಮಾಡಲು ನನಗಿರುವ ಅರ್ಹತೆಯಾದರೂ ಏನು? ಬರಬೇಕಿದ್ದ ಮಂತ್ರಿಗಳಿಗೆ ತುರ್ತು ಕೆಲಸ ಬಂತು. ಅವರ ಬದಲಿಗೆ ಬರಬೇಕಿದ್ದ ವಿದ್ವಾಂಸರಿಗೆ, ತಾವು ಬದಲಿ ಎಂಬುದು ತಿಳಿದ ಕೂಡಲೇ ಗಂಟಲು ಕೆಟ್ಟಿತು. ನಿನ್ನೆ ಸಮಿತಿಯ ಕಾರ್ಯದರ್ಶಿಗಳು ಕನ್ನಡಕದ ಕಡ್ಡಿ ಮುರಿದುಕೊಂಡು ನನ್ನ ಅಂಗಡಿಗೆ ಬಂದರು. ಹೋಗುವಾಗ ಕನ್ನಡಕದ ಜೊತೆಗೆ ಮುಖ್ಯ ಅತಿಥಿಯನ್ನೂ ಕೊಂಡೊಯ್ದರು. ಈ ವೇದಿಕೆಯ ಮೇಲಿರುವ ಅಷ್ಟೂ ಕನ್ನಡಕಗಳು ನನ್ನ ಅಂಗಡಿಯವೇ. ಆದ್ದರಿಂದ ಈ ಪುಸ್ತಕ ಬರೆಯುವಾಗ ಯಾರಿಗಾದರೂ ಏನಾದರೂ ಕಾಣದೆ ಹೋಗಿದ್ದರೆ ಅದು ಗಾಜಿನ ದೋಷವಲ್ಲ ಎಂದು ಮೊದಲಿಗೇ ಸ್ಪಷ್ಟಪಡಿಸುತ್ತೇನೆ. ನನಗೂ ವ್ಯಾಪಾರ ನಡೆಯಬೇಕು.

ಪುಸ್ತಕ ಅಪೂರ್ವವಾಗಿದೆ. ಯಾಕೆ ಅಪೂರ್ವ? ಬೇರೆ ಕಡೆ ಇತಿಹಾಸವನ್ನು ನಡೆದದ್ದನ್ನು ನೋಡಿ ಬರೆಯುತ್ತಾರೆ. ನಮ್ಮ ಸಮಿತಿ ಒಂದು ಹೊಸ ಕ್ರಮ ಕಂಡುಹಿಡಿಯಿತು. ಪ್ರತಿಯೊಂದು ಪುಟವನ್ನೂ ಆ ಪುಟಕ್ಕೆ ಸಂಬಂಧಪಟ್ಟ ಮನೆಯವರಿಗೆ ಕಳಿಸುವುದು, ಅವರು ಬೇಡವಾದದ್ದನ್ನು ಹೊಡೆದುಹಾಕಿ ಒಪ್ಪಿಗೆ ಕೊಡುವುದು, ಆಮೇಲೆ ಅಚ್ಚಿಗೆ ಹೋಗುವುದು. ಯಾರ ಮನಸ್ಸೂ ನೋಯಬಾರದಲ್ಲ! ಇದರ ಫಲವನ್ನು ನೋಡಿ. ನೆರೆಜಿಲ್ಲೆಯವರ ಜೊತೆ ನಡೆದ ಹಳೆಯ ಕಾಳಗದಲ್ಲಿ ನಮ್ಮ ದಳಪತಿ ರಣರಂಗದಿಂದ ಓಡಿದ್ದು ನಮ್ಮ ಅಜ್ಜಂದಿರಿಗೆಲ್ಲ ಗೊತ್ತಿತ್ತು. ದಳಪತಿಯ ಮನೆಯವರು ಒಪ್ಪಿದ ಪ್ರಕಾರ ಅವರು ಆ ದಿನ ‘ವೇಗವಾಗಿ ಪ್ರಯಾಣ ಬೆಳೆಸಿದರು’. ಗೋಪುರದ ಗಡಿಯಾರವನ್ನು ರಾತ್ರೋರಾತ್ರಿ ಇಳಿಸಿಕೊಂಡು ಹೋದದ್ದು ಯಾರೆಂದು ಊರಿಗೆಲ್ಲ ಗೊತ್ತು. ಪುಸ್ತಕದ ಪ್ರಕಾರ ಗಡಿಯಾರ ‘ಕಾಲಾಂತರದಲ್ಲಿ ಕಾಣದಾಯಿತು’. ಇಷ್ಟು ಶತಮಾನಗಳಲ್ಲಿ ನಮ್ಮ ಜಿಲ್ಲೆಯಲ್ಲಿ ಕಳ್ಳತನಗಳಾಗಿವೆ, ಆದರೆ ಒಬ್ಬ ಕಳ್ಳನೂ ಹುಟ್ಟಿಲ್ಲ. ಬೆಂಕಿ ಬಿದ್ದಿದೆ, ಆದರೆ ಒಬ್ಬರೂ ಕಡ್ಡಿ ಗೀರಿಲ್ಲ. ಇಂಥ ಪುಣ್ಯಭೂಮಿ ಇನ್ನೆಲ್ಲಿದೆ, ಸಭಿಕರೇ?

ಚಪ್ಪಾಳೆ ತಟ್ಟಿ, ಪರವಾಗಿಲ್ಲ.

ಈಗ ನೂಲಿನ ಗಿರಣಿಯ ಅಧ್ಯಾಯಕ್ಕೆ ಬರುತ್ತೇನೆ. ಗಿರಣಿ ನಮ್ಮ ಅಧ್ಯಕ್ಷರ ತಂದೆಯವರದು. ಗಿರಣಿಯ ಹಿಂದೆ ದೊಡ್ಡ ಕಲ್ಲಿನ ಒಡ್ಡು, ಒಡ್ಡಿನ ಹಿಂದೆ ನೀರು. ಒಂದು ಮಧ್ಯಾಹ್ನ ಒಡ್ಡು ಕುಸಿಯಿತು. ಅದೇ ವರ್ಷ ತಂದೆಯವರ ಬಂಗಲೆಯ ಸುತ್ತ ಭವ್ಯವಾದ ಕಲ್ಲಿನ ಕಾಂಪೌಂಡು ಎದ್ದಿತ್ತು. ಒಡ್ಡಿನ ಕಲ್ಲಿಗೂ ಕಾಂಪೌಂಡಿನ ಕಲ್ಲಿಗೂ ಏನಾದರೂ ನೆಂಟಸ್ತನವಿದೆಯೇ? ಪುಸ್ತಕದಲ್ಲಿ ಒಂದು ‘ಪ್ರಕೃತಿ ವಿಕೋಪಗಳು’ ಎಂಬ ಅಧ್ಯಾಯದಲ್ಲಿದೆ, ಇನ್ನೊಂದು ‘ವಾಸ್ತುಶಿಲ್ಪ ವೈಭವ’ದಲ್ಲಿದೆ. ನೆಂಟಸ್ತನವಿದ್ದರೆ ಇಷ್ಟು ದೂರ ಕೂರಿಸುತ್ತಿದ್ದರೇ?

ಆ ಮಧ್ಯಾಹ್ನದ ಬಗ್ಗೆ ಪುಸ್ತಕ ಹೇಳುವುದನ್ನು, ಭಾಷಣಕ್ಕೆಂದು ಕಾರ್ಯದರ್ಶಿಗಳು ನಿನ್ನೆ ಕೊಟ್ಟ ಕರಡಿನಿಂದ ಓದುತ್ತೇನೆ. ‘ಬುದ್ಧಿಭ್ರಮೆಗೊಳಗಾದ ಕೆಲಸದಾಕೆಯೊಬ್ಬಳು ಯಾರ ಅಪ್ಪಣೆಯೂ ಇಲ್ಲದೆ ಸೈರನ್ ಊದಿದಳು. ಅದೃಷ್ಟವಶಾತ್ ಒಡ್ಡು ಕುಸಿಯುವ ವೇಳೆಗೆ ಕಾರ್ಮಿಕರೆಲ್ಲರೂ ಹೊರಗಿದ್ದರು.’ ಎರಡು ವಾಕ್ಯ. ನಡುವೆ ಒಂದು ಪೂರ್ಣವಿರಾಮ. ಇಷ್ಟು ಭಾರ ಹೊತ್ತ ಪೂರ್ಣವಿರಾಮವನ್ನು ನಾನು ಬೇರೆಲ್ಲೂ ಕಂಡಿಲ್ಲ.

ಆ ಕೆಲಸದಾಕೆ ನನ್ನ ಸೋದರತ್ತೆ. ಮೂರನೆಯ ಸಾಲಿನ ತುದಿಯಲ್ಲಿ ಕುಳಿತಿದ್ದಾರೆ. ಅತ್ತೆ, ಏಳಬೇಡಿ, ಕೂತ್ಕೊಳ್ಳಿ. ಮಂಡಿ ನೋವಿದೆ, ಸಭಿಕರು ಕ್ಷಮಿಸಬೇಕು.

ನಿನ್ನೆ ಕಡ್ಡಿಗೆ ತಿರುಪು ಹಾಕುತ್ತಾ ನಾನು ಕಾರ್ಯದರ್ಶಿಗಳನ್ನು ಕೇಳಿದೆ: “ಸಾರ್, ಈ ಸೈರನ್ ಪುಟಾನ ಯಾರಿಗೆ ತೋರಿಸಿದ್ರಿ?”

“ಗಿರಣಿ ಯಾರದೋ ಅವರಿಗೆ. ಅವರೇ ತಾನೇ ಸಂಬಂಧಪಟ್ಟವರು.”

“ಊದಿದವರಿಗೆ?”

“ಅಯ್ಯೋ, ಆ ಯಮ್ಮ ಇನ್ನೂ ಇದಾರಾ?”

“ನಿಮ್ಮ ಮೈಮೇಲಿರೋ ಶರ್ಟಿಗೆ ಇಸ್ತ್ರಿ ಹಾಕಿದ್ದೇ ಅವರು, ಸಾರ್.”

ಕಾರ್ಯದರ್ಶಿಗಳು ತಮ್ಮ ಶರ್ಟನ್ನು ಒಮ್ಮೆ ನೋಡಿಕೊಂಡರು. ಗೆರೆ ನೆಟ್ಟಗೇ ಇತ್ತು.

ಗಿರಣಿಯ ಸೈರನ್ ಕೋಣೆ ಮೇಲ್ಛಾವಣಿಯ ಮೇಲಿತ್ತು. ಅತ್ತೆಯ ಕೆಲಸ ಪಾಳಿ ಶುರುವಾದಾಗ, ಮುಗಿದಾಗ ಹಿಡಿ ಎಳೆಯುವುದು. ಅದೂ ಕೆಳಗಿನ ಆಫೀಸಿನಿಂದ ಅಪ್ಪಣೆ ಬಂದ ಮೇಲೆ. ಅವತ್ತು ಕಿಟಕಿಯಿಂದ ನೋಡಿದರೆ ಒಡ್ಡಿನ ಕಲ್ಲುಗಳ ಸಂದಿಯಿಂದ ನೀರು ಜಿನುಗುತ್ತಿದೆ. ಜಿನುಗುತ್ತಿದ್ದದ್ದು ಸುರಿಯತೊಡಗಿತು. ಅತ್ತೆ ಕೆಳಗಿನ ಆಫೀಸಿಗೆ ಫೋನು ಮಾಡಿದರು. ಮೇಸ್ತ್ರಿ ಹೇಳಿದನಂತೆ: “ಮೇಲಿನವರು ಊಟಕ್ಕೆ ಹೋಗಿದಾರಮ್ಮ. ಬರಲಿ, ಕೇಳಿ ಹೇಳ್ತೀನಿ.”

ಅತ್ತೆ ಕೇಳಿದರಂತೆ: “ನೀರೂ ಊಟ ಮುಗಿಸ್ಕೊಂಡು ಬರುತ್ತೇನಯ್ಯಾ?”

ಫೋನು ಇಟ್ಟು ಹಿಡಿ ಎಳೆದರು. ಬಿಡಲೇ ಇಲ್ಲ. ಕಾರ್ಮಿಕರು ಏನು ಎತ್ತ ತಿಳಿಯದೆ ಹೊರಗೆ ಓಡಿದರು. ನನ್ನ ಅಮ್ಮ ಅದೇ ಪಾಳಿಯಲ್ಲಿ ನೂಲು ಸುತ್ತುತ್ತಿದ್ದಳು. ಅವಳೂ ಓಡಿದಳು. ಗೇಟಿನ ಹೊರಗೆ ಹೋಗಿ ನಿಂತ ಮೇಲೆ ನೆನಪಾಯಿತಂತೆ, ಗಿರಣಿಯ ತೊಟ್ಟಿಲ ಕೋಣೆಯಲ್ಲಿ ಕೂಸಿದೆ ಎಂದು. ಆ ಕೂಸು ನಾನು. ಛಾವಣಿಯಿಂದ ಇಳಿದು, ತೊಟ್ಟಿಲ ಕೋಣೆಯನ್ನು ಹೊಕ್ಕು, ಕೊನೆಯವಳಾಗಿ ಹೊರಗೆ ಬಂದ ಅತ್ತೆಯ ಕಂಕುಳಲ್ಲಿ ನಾನು ನಿದ್ದೆ ಮಾಡುತ್ತಿದ್ದೆನಂತೆ. ಅಷ್ಟು ಸೈರನ್ನಿನಲ್ಲೂ! ಅಮ್ಮ ಆಮೇಲೆ ನನ್ನನ್ನು ಮಲಗಿಸುವಾಗಲೆಲ್ಲ ಕೈ ಹಿಡಿದುಕೊಂಡೇ ಮಲಗುತ್ತಿದ್ದಳು, ನಾನು ಮೀಸೆ ಬರುವಷ್ಟು ದೊಡ್ಡವನಾದ ಮೇಲೂ.

ಇದನ್ನು ಹೇಳಬೇಕೆಂದು ಬಂದಿರಲಿಲ್ಲ. ಇರಲಿ. ವಿಷಯಕ್ಕೆ ಬರುತ್ತೇನೆ.

ಮರುದಿನ ಅತ್ತೆಯನ್ನು ಕೆಲಸದಿಂದ ತೆಗೆದರು. ಕಾರಣ, ಅಪ್ಪಣೆಯಿಲ್ಲದೆ ಸೈರನ್ ಊದಿ ಯಂತ್ರ ನಿಲ್ಲಿಸಿದ್ದು. ನಿಲ್ಲಿಸದಿದ್ದರೂ ಆ ಯಂತ್ರಗಳು ನೀರಿನಡಿ ಎಷ್ಟು ನೂಲು ತೆಗೆಯುತ್ತಿದ್ದವೋ ತಿಳಿಯದು. ಆದರೆ ನಿಯಮ ನಿಯಮವೇ. ‘ತಲೆ ಸರಿಯಿಲ್ಲದವಳು’ ಎಂದು ಆಗ ಆಫೀಸಿನಲ್ಲಿ ಹುಟ್ಟಿದ ಮಾತು ಬೀದಿಗೆ ಬಂತು. ಅತ್ತೆ ಇಸ್ತ್ರಿ ಅಂಗಡಿ ಇಟ್ಟರು. ಮಕ್ಕಳು ಅದರ ಮುಂದೆ ಹಾದುಹೋಗುವಾಗ ‘ಊಂ’ ಎಂದು ಕೂಗಿ ಓಡುತ್ತಿದ್ದರು. ಆ ಮಕ್ಕಳಲ್ಲಿ ಕೆಲವರು ಇಂದು ವೇದಿಕೆಯ ಮೇಲಿದ್ದಾರೆ. ಈಗ ಓಡಲಾರರು, ಹೊಟ್ಟೆ ಬಿಡುವುದಿಲ್ಲ.

ಬೀದಿಯ ಮಾತು ಬೀದಿಯಲ್ಲಿ ಸಾಯುತ್ತದೆ. ಅಚ್ಚಾದದ್ದು ಸಾಯುವುದಿಲ್ಲ. ಈ ಪುಸ್ತಕ ಜಿಲ್ಲೆಯ ಎಲ್ಲ ಶಾಲೆಗಳಿಗೂ ಹೋಗಲಿದೆ. ಸದ್ಯಕ್ಕೆ, ನಮ್ಮ ಸಮಿತಿಯ ಎಂದಿನ ವೇಗಕ್ಕೆ ತಕ್ಕಂತೆ, ಅಚ್ಚಾಗಿರುವುದು ನನ್ನ ಕೈಯಲ್ಲಿರುವ ಇದೊಂದೇ ಪ್ರತಿ. ಅಧ್ಯಕ್ಷರು ಇದಕ್ಕೆ ಸಹಿ ಹಾಕಿದರೆ, ಅಗೋ ಅಲ್ಲಿ ಬಾಗಿಲ ಬಳಿ ಕಾಯುತ್ತಿರುವ ಮುದ್ರಕರು ಉಳಿದವನ್ನು ಅಚ್ಚು ಹಾಕುತ್ತಾರೆ. ಅಂದರೆ ಅತ್ತೆಯ ಬುದ್ಧಿ ಸರಿಯಿತ್ತೋ ಇಲ್ಲವೋ ಎಂಬುದು ಇನ್ನು ಸ್ವಲ್ಪ ಹೊತ್ತಿನಲ್ಲಿ ಶಾಶ್ವತವಾಗಿ ತೀರ್ಮಾನವಾಗಲಿದೆ.

ಸಮಿತಿಯ ನಿಯಮವನ್ನು ನಾನು ಗೌರವಿಸುತ್ತೇನೆ. ಬಿಟ್ಟುಹೋದ ಸಂಬಂಧಪಟ್ಟವರಿಗೆ ಬೆಳಿಗ್ಗೆ ನಾನೇ ಪುಟ ಓದಿ ಹೇಳಿದೆ. ಅತ್ತೆ ಇಸ್ತ್ರಿಪೆಟ್ಟಿಗೆ ಕೆಳಗಿಡದೆಯೇ ಕೇಳಿಸಿಕೊಂಡರು.

“ಇನ್ನೊಂದ್ಸಲ ಓದು.”

ಓದಿದೆ.

“ಅಪ್ಪಣೆ ಇಲ್ಲದೆ ಅನ್ನೋದು ಇರಲಿ ಬಿಡೋ. ನಿಜ ತಾನೇ ಅದು. ಬುದ್ಧಿಭ್ರಮೆ ಅನ್ನೋದು ಮಾತ್ರ ತೆಗೆಸು. ಅವತ್ತು ಆ ಗಿರಣೀಲಿ ಬುದ್ಧಿ ನೆಟ್ಟಗಿದ್ದದ್ದು ನಂದೊಂದೇ.”

“ಎಲ್ಲರ ಮುಂದೆ ಕ್ಷಮೆ ಕೇಳಿಸ್ಲಾ ಅತ್ತೆ?”

“ಅದನ್ನ ತಗೊಂಡು ನಾನೇನು ಮಾಡ್ಲಿ? ಮಡಿಸಿ ಇಡ್ಲಾ?”

ಆದ್ದರಿಂದ ಅಧ್ಯಕ್ಷರೇ, ಕ್ಷಮೆಯ ಮಾತೇ ಇಲ್ಲ, ಗಾಬರಿಯಾಗಬೇಡಿ. ಇಗೋ ರಿಬ್ಬನ್ ಬಿಚ್ಚಿದ್ದೇನೆ, ಇಗೋ ಪುಟ, ಇಗೋ ಪೆನ್ನು. ಹೊಡೆದುಹಾಕುವ ಕೆಲಸ ತಮಗೆ ರೂಢಿಯಾದದ್ದೇ. ‘ಬುದ್ಧಿಭ್ರಮೆಗೊಳಗಾದ’ ಎಂಬುದಷ್ಟನ್ನು ಹೊಡೆಯಿರಿ.

ಕಾರ್ಯದರ್ಶಿಗಳ ಮುಖ ಯಾಕೆ ನೋಡುತ್ತೀರಿ? ಅವರ ಕನ್ನಡಕ ಸರಿಯಾಗಿದೆ, ನಾನೇ ಮಾಡಿಕೊಟ್ಟದ್ದು.

ಹಾಂ. ಧನ್ಯವಾದ. ಅಯ್ಯೋ, ಅಯ್ಯೋ! ಅಧ್ಯಕ್ಷರೇ, ಇದೇನು ಮಾಡಿದಿರಿ? ಇಡೀ ಸಾಲನ್ನೇ ಹೊಡೆದುಬಿಟ್ಟಿರಲ್ಲ! ಸಭಿಕರೇ, ಅಭ್ಯಾಸಬಲ ಎಂದರೆ ಇದು. ಈಗ ಉಳಿದಿರುವುದು ‘ಅದೃಷ್ಟವಶಾತ್ ಒಡ್ಡು ಕುಸಿಯುವ ವೇಳೆಗೆ ಕಾರ್ಮಿಕರೆಲ್ಲರೂ ಹೊರಗಿದ್ದರು’ ಎಂಬುದಷ್ಟೇ. ನಮ್ಮ ಅತ್ತೆ ಹುಚ್ಚಿಯಾಗಿಯಾದರೂ ಇತಿಹಾಸದಲ್ಲಿದ್ದರು. ಈಗ ಅದೂ ಇಲ್ಲ, ಗಡಿಯಾರದ ಹಾಗೆ ಕಾಣದಾದರು.

ಪರವಾಗಿಲ್ಲ, ಅಂಚಿನಲ್ಲಿ ಜಾಗವಿದೆ. ಹೊಡೆದ ಕೈಯಿಂದಲೇ ಬರೆಯಬೇಕು. ನಾನು ಹೇಳುತ್ತೇನೆ, ತಾವು ಬರೆಯಿರಿ. ‘ಒಡ್ಡಿನಿಂದ ನೀರು ಬರುವುದನ್ನು ಕಂಡ ಸೈರನ್ ಕೋಣೆಯ ಕೆಲಸದಾಕೆ, ಯಾರ ಅಪ್ಪಣೆಯೂ ಇಲ್ಲದೆ ಸೈರನ್ ಊದಿ, ಎಲ್ಲರನ್ನೂ ಹೊರಗೆ ಕಳಿಸಿದಳು.’ ನಿಧಾನವಾಗಿ ಬರೆಯಿರಿ, ನನಗೆ ಅವಸರವಿಲ್ಲ. ಮೈಕು ನನ್ನ ಕೈಯಲ್ಲೇ ಇದೆ.

ಸಭಿಕರು ಗಮನಿಸಬೇಕು, ಅಧ್ಯಕ್ಷರು ಬರೆಯುತ್ತಿದ್ದಾರೆ. ಆ ಮನೆಯಿಂದ ಈ ಪುಸ್ತಕಕ್ಕೆ ಏನಾದರೂ ಸೇರುತ್ತಿರುವುದು ಇದೇ ಮೊದಲು. ಮುಗಿಯಿತೇ? ಇಲ್ಲಿ ಕೊಡಿ, ಓದಿ ಹೇಳುತ್ತೇನೆ. ‘...ಎಲ್ಲರನ್ನೂ ಹೊರಗೆ ಕಳಿಸಿದಳು.’ ಸರಿಯಾಗಿದೆ. ಸಹಿಯೂ ಇದೆ. ಕೆಳಗೆ ಇನ್ನೊಂದು ಸಾಲಿದೆ. ಇದನ್ನು ನಾನು ಹೇಳಿರಲಿಲ್ಲ.

‘ಅಪ್ಪನ ಆಫೀಸಿನಿಂದ ಹೊರಗೆ ಓಡಿದವರಲ್ಲಿ ನಾನೂ ಒಬ್ಬ.’

ಸಭಿಕರೇ, ಈ ಸಾಲೂ ಹೀಗೆಯೇ ಅಚ್ಚಾಗಲಿ.

ಮುದ್ರಕರು ಮುಂದೆ ಬಂದು ಪ್ರತಿಯನ್ನು ತೆಗೆದುಕೊಳ್ಳಬೇಕಾಗಿ ಕೋರುತ್ತೇನೆ. ಮೂರನೆಯ ಸಾಲಿನ ಮುಂದೆ ಹಾದು ಹೋಗಿ, ಸ್ವಾಮಿ. ಅಲ್ಲಿ ಒಂದು ನಿಮಿಷ ನಿಂತು, ಪುಟವನ್ನು ಸಂಬಂಧಪಟ್ಟವರಿಗೆ ತೋರಿಸಿ. ಅವರು ತಲೆಯಾಡಿಸಿದರೆ ಪುಸ್ತಕ ಬಿಡುಗಡೆಯಾಯಿತು ಎಂದು ತಿಳಿಯಬೇಕು.

ಆಡಿಸಿದರು.

ಬರಲಾಗದ ಮಂತ್ರಿಗಳಿಗೆ, ಗಂಟಲು ಕೆಟ್ಟ ವಿದ್ವಾಂಸರಿಗೆ, ಪೆನ್ನು ಹಿಂದಿರುಗಿಸಬೇಕಾದ ಅಧ್ಯಕ್ಷರಿಗೆ, ಇಷ್ಟು ಹೊತ್ತು ಎದ್ದುಹೋಗದ ನಿಮಗೆಲ್ಲ ನನ್ನ ವಂದನೆಗಳು. ನಮಸ್ಕಾರ.