ಜೆಬೆಲ್ ಶಮ್ಸ್‌ಗೆ ಒಂದು ಪಾರ್ಸೆಲ್

ಮಸ್ಕತ್ತಿನಲ್ಲಿ ಮಳೆ ಬಂದರೆ ಶಾಲೆಗೆ ರಜೆ, ಆಫೀಸಿಗೆ ಅರ್ಧ ರಜೆ. ಆ ಗುರುವಾರವೂ ಹಾಗೆಯೇ ಆಯಿತು. ವರ್ಷವಿಡೀ ಒಣಗಿ ಬಿದ್ದಿರುವ ಮಳೆಹಳ್ಳ, ಇಲ್ಲಿಯವರ ಬಾಯಲ್ಲಿ 'ವಾದಿ', ಬೌಷರ್‌ನ ನಮ್ಮ ಫ್ಲಾಟಿನ ಕೆಳಗೆ ಕೆಂಪು ನೀರು ತುಂಬಿಕೊಂಡು ಹರಿಯುತ್ತಿತ್ತು. ಸಂಜೆಗೆ ಕರೆಂಟೂ ಹೋಯಿತು. ನನ್ನ ಹೆಂಡತಿ ವಿಕ್ಟೋರಿಯಾ ಜಪಮಾಲೆಗೆಂದು ಇಟ್ಟಿದ್ದ ಮೇಣದಬತ್ತಿಯನ್ನೇ ಊಟದ ಮೇಜಿಗೆ ತಂದಿಟ್ಟಳು. ಮಗ ಇವಾನ್ ಮಾತ್ರ ಬ್ಯಾಗ್ ತುಂಬುತ್ತಲೇ ಇದ್ದ. ಮಳೆ ನಿಂತರೆ ಬೆಳಿಗ್ಗೆ ಗೆಳೆಯ ಫ್ಲೋಯ್ಡ್‌ನ ಜೊತೆ ಜೆಬೆಲ್ ಶಮ್ಸ್ ಹತ್ತಬೇಕು, ಒಮಾನಿನ ಅತಿ ಎತ್ತರದ ಬೆಟ್ಟದ ಮೇಲೆ ನೀರು ಹೆಪ್ಪುಗಟ್ಟುವುದನ್ನು ಕಣ್ಣಾರೆ ನೋಡಬೇಕು ಎಂಬುದು ಅವನ ಹಟ.

ಅವನೇ ಆ ಮಧ್ಯಾಹ್ನ ಅಲ್ ಮವಾಲೇಹ್ ತರಕಾರಿ ಮಾರುಕಟ್ಟೆಯಿಂದ ಮುಹಿಯುದ್ದೀನ್ ಕಾಕ ಅವರನ್ನು ಕಾರಿನಲ್ಲಿ ಕರೆತಂದಿದ್ದ. ಉಳ್ಳಾಲದ ಈ ಬ್ಯಾರಿ ಹಿರಿಯರು ಅದೇ ಮಾರುಕಟ್ಟೆಯಿಂದ ಬೆಟ್ಟದ ಮೇಲಿನ ಕ್ಯಾಂಪುಗಳಿಗೆ ವರ್ಷಗಟ್ಟಲೆ ಪಿಕಪ್‌ನಲ್ಲಿ ತರಕಾರಿ ಸಾಗಿಸಿದವರು. ರಸ್ತೆ ಬಂದ್ ಆಗಿ ನಮ್ಮಲ್ಲೇ ಉಳಿದಿದ್ದರು. ಡಿಕ್ಕಿಯಿಂದ ತಮ್ಮ ಈರುಳ್ಳಿ ಚೀಲ ತೆಗೆದುಕೊಂಡು ಮೇಲೆ ಬಂದಾಗಿನಿಂದ ಅವರ ಮುಖ ಸರಿ ಇರಲಿಲ್ಲ. ವಿಕ್ಟೋರಿಯಾ ಕೊಟ್ಟ ಚಹಾ ಹಾಗೆಯೇ ಆರಿಹೋಯಿತು.

"ಬ್ಯಾಗ್ ಅಲ್ಲಿ ಬಿಡು ಮಾರಾಯ," ಎಂದರು ಕೊನೆಗೆ. "ಇಲ್ಲಿ ಬಂದು ಕೂತ್ಕೊ. ವಾಲ್ಟರ್, ನೀನೂ ಕೇಳು. ನಗ್ಲಿಕ್ಕಿದ್ರೆ ಈಗಲೇ ನಕ್ಕುಬಿಡಿ, ಆಮೇಲೆ ನಗ್ಲಿಕ್ಕಾಗುವುದಿಲ್ಲ."

ಇವಾನ್ ಬ್ಯಾಗ್ ಬಿಟ್ಟು ಬಂದ, ನಾನೂ ಕುರ್ಚಿ ಹತ್ತಿರಕ್ಕೆ ಎಳೆದುಕೊಂಡೆ. ಅವರು ಹೇಳತೊಡಗಿದರು.

"ಈಗಿನವರಿಗೆ ಬೆಟ್ಟ ಅಂದ್ರೆ ಫೋಟೋ. ಮೂರು ಸಾವಿರ ಮೀಟರ್ ಅದು, ಗೊತ್ತುಂಟಾ? ಕೆಳಗೆ ಬೆವರು ಒರೆಸ್ಕೊಂಡು ಹೊರಟವನಿಗೆ ಮೇಲೆ ಹೋಗುವಾಗ ಹಲ್ಲು ಕಟಕಟ. ಡಾಂಬರು ಮುಗಿದ ಮೇಲೆ ಬರೀ ಕಲ್ಲು, ಕಲ್ಲಿನ ಎಡೆಯಲ್ಲಿ ಗಾಳಿಗೆ ತಿರುಚಿಕೊಂಡ ಜುನಿಪರ್ ಮರ, ಒಂದು ಬದಿಗೆ ಕಣಿವೆ... ಎಷ್ಟು ಆಳ ಅಂತೀರಿ? ಕಲ್ಲು ಹಾಕಿದ್ರೆ ಬಿದ್ದ ಶಬ್ದ ಕೇಳುವುದಿಲ್ಲ. ಅಲ್ಲಿಯ ಕ್ಯಾಂಪಲ್ಲಿ ಅಡುಗೆಗೆ ಇದ್ದವ ಅನ್ಸಾರ್, ನನ್ನ ಹೆಂಡತಿ ಐಶಮ್ಮನ ತಮ್ಮ. ನಾನೇ ವೀಸಾ ಮಾಡಿಸಿ ಕರ್ಕೊಂಡು ಬಂದದ್ದು. ಬಲಗೈಯಲ್ಲಿ ಎಣ್ಣೆ ಬಿದ್ದು ಸುಟ್ಟ ಕಲೆ, ಇಷ್ಟುದ್ದ. ಬಾಯಿ ತುಂಬ 'ಭಾವ, ಭಾವ' ಅಂತಿದ್ದ, ಪಾಪ. ಅವನಿಗೆ ಚಳಿ ಅಂದ್ರೆ ಆಗ್ತಿರ್ಲಿಲ್ಲ.

"ಆರು ವರ್ಷ ಆಯ್ತು, ಇಂಥದೇ ಜನವರಿ. ಮಾರುಕಟ್ಟೆಯಲ್ಲಿ ಟೊಮೆಟೊ ಲೋಡ್ ಮಾಡ್ತಾ ಇದ್ದೆ, ತಲೆಗೆ ಶಾಲು ಸುತ್ತಿದ ಒಬ್ಬ ಬಂದ, ನಮ್ಮ ಬ್ಯಾರಿ ಭಾಷೆಯಲ್ಲೇ, 'ಜೆಬೆಲ್‌ಗೆ ಹೋಗುವುದಾ? ಇದೊಂದು ಬ್ಲ್ಯಾಂಕೆಟ್ ತಗೊಂಡು ಹೋಗಿ, ಮೇಲೆ ನನ್ನ ತಮ್ಮ ಇದ್ದಾನೆ, ಅವನೇ ಕೇಳಿ ತಗೊಳ್ತಾನೆ' ಅಂದ. ನೀವೇ ಹೇಳಿ, ಊರವ ಪಾರ್ಸೆಲ್ ಕೊಟ್ರೆ ಗಲ್ಫಲ್ಲಿ ಯಾರಾದ್ರೂ ಬೇಡ ಅಂತಾರಾ? ಊರಿಗೆ ಹೋಗುವಾಗ ನಮ್ಮ ಪೆಟ್ಟಿಗೆಯಲ್ಲಿ ಅರ್ಧ ಬೇರೆಯವರ ಸಾಮಾನೇ ಅಲ್ವಾ? ಕೊಟ್ಟವನ ಹೆಸರು, ತಗೊಳ್ಳುವವನ ಹೆಸರು, ಎರಡೂ ಕೇಳದೆ ಮುಟ್ಟಬೇಡಿ ಅಂತ ಊರಿಗೆಲ್ಲ ಬುದ್ಧಿ ಹೇಳುವವ ನಾನು. ಆ ದಿನ ಮಾತ್ರ ಕೇಳ್ಲಿಲ್ಲ. ಗುಲಾಬಿ ಚಿತ್ರದ ಬ್ಲ್ಯಾಂಕೆಟ್, ಜಿಪ್ ಇರುವ ಪ್ಲಾಸ್ಟಿಕ್ ಚೀಲ... ಅದ್ರಲ್ಲಿ ಎಂತ ಕೇಳ್ಲಿಕ್ಕುಂಟು? ಕೈಗೆ ತಗೊಂಡ್ರೆ ಐಸಲ್ಲಿಟ್ಟ ಮೀನಿನ ಹಾಗೆ ತಣ್ಣಗೆ. ಏಸಿ ಅಂಗಡಿಯಿಂದ ತಂದಿರ್ಬೇಕು ಅಂದ್ಕೊಂಡೆ.

"ಹತ್ತುವಾಗ ಗಾಡಿ ಎಳೀಲಿಲ್ಲ. ಇದ್ದದ್ದು ಅರ್ಧ ಲೋಡು, ಆದ್ರೂ ಹಿಂದೆ ಹತ್ತು ಜನ ಕೂತ ಹಾಗೆ, ಫಸ್ಟ್ ಗೇರಲ್ಲೇ ನರಳಿಕೊಂಡು ಹೋಯ್ತು. ಕ್ಯಾಂಪಲ್ಲಿ ವಿಚಾರಿಸಿದೆ. ಬ್ಯಾರಿ ಮಾತಾಡುವವ ಅನ್ಸಾರ್ ಒಬ್ಬನೇ, ಬೇರೆ ಯಾರೂ ಇಲ್ಲ. ಕತ್ತಲಾಗುವ ಮೊದ್ಲು ಇಳೀಬೇಕಲ್ಲ, ನನಗೆ ಅವಸರ. 'ಇದು ನಿನ್ನ ಹತ್ರ ಇರ್ಲಿ, ಯಾರಾದ್ರೂ ಕೇಳಿದ್ರೆ ಕೊಡು' ಅಂದೆ. 'ಯಾರೂ ಕೇಳದಿದ್ರೆ ಭಾವ?' ಅಂದ. ನಡುಗ್ತಾ ಇದ್ದ. ನಾನು... ಈ ನಾಲಗೆಯಲ್ಲೇ ಅಂದೆ, 'ಕೇಳದಿದ್ರೆ ನೀನೇ ಹೊದ್ಕೊ ಮಾರಾಯ.'

"ಬೆಳಿಗ್ಗೆ ಫೋನ್ ಬಂತು. ಹಾಸಿಗೆ ಖಾಲಿ. ನೆಲದಲ್ಲಿ ಇಬ್ಬನಿ ಗಟ್ಟಿಯಾಗಿ ಬೆಳ್ಳಗೆ ಕೂತಿತ್ತಂತೆ, ಅದರ ಮೇಲೆ ಬಾಗಿಲಿನಿಂದ ಕಣಿವೆಯ ಅಂಚಿನವರೆಗೆ ಬರಿಗಾಲಿನ ಹೆಜ್ಜೆ. ಒಬ್ಬನದ್ದಲ್ಲ... ಇಬ್ಬರದ್ದು. ಪೊಲೀಸಿನವರು ಮೂರು ದಿನ ಹುಡುಕಿದ್ರು. ಅನ್ಸಾರೂ ಇಲ್ಲ, ಬ್ಲ್ಯಾಂಕೆಟೂ ಇಲ್ಲ. ಊರಿಗೆ ಹೋದ್ರೆ ಐಶಮ್ಮ ಈಗಲೂ ಊಟ ಬಡಿಸ್ತಾಳೆ, ಆದ್ರೆ ನನ್ನ ಮುಖ ನೋಡುವುದಿಲ್ಲ.

"ಆಮೇಲೆ ನಾನು ಬೆಟ್ಟ ಹತ್ತಿಲ್ಲ. ಮಾರುಕಟ್ಟೆಗೆ ಹೋಗದೆ ಆಗ್ತದಾ? ಅಲ್ಲಿ ಎರಡು ಸಲ ಅನ್ಸಾರನನ್ನು ಕಂಡಿದ್ದೇನೆ, ಈರುಳ್ಳಿ ಗೋಣಿಗಳ ಹಿಂದೆ, ತಲೆಗೆ ಶಾಲು, ಕಂಕುಳಲ್ಲಿ ಅದೇ ಗುಲಾಬಿ ಬ್ಲ್ಯಾಂಕೆಟ್. 'ಭಾವ' ಅಂತ ಕರೀತಾನೆ. ವಲ್ಲಾಹಿ, ತಿರುಗಿ ನೋಡದೆ ಓಡಿ ಬಂದಿದ್ದೇನೆ. ನಾನೇ ಕರ್ಕೊಂಡು ಬಂದ ಹುಡುಗ, ಚಳಿಯಲ್ಲಿ ನಿಂತು ಕರೀತಾನೆ, ನಾನು ಓಡ್ತೇನೆ! ಥೂ ನನ್ನ ಜನ್ಮಕ್ಕೆ."

ಹೊರಗೆ ವಾದಿಯ ಸದ್ದು ಜೋರಾಗಿತ್ತು. ಕಾಕ ಇವಾನ್‌ನ ಕಡೆ ತಿರುಗಿದರು.

"ಈಗ ಹೇಳು. ಡಿಕ್ಕಿಯಲ್ಲಿ ನನ್ನ ಚೀಲದ ಅಡಿಯಲ್ಲಿ ಇದ್ದ ಗುಲಾಬಿ ಬ್ಲ್ಯಾಂಕೆಟ್ ಯಾರದ್ದು?"

ಇವಾನ್ ನನ್ನನ್ನೊಮ್ಮೆ ನೋಡಿದ.

"ಅದು... ಮಾರ್ಕೆಟಲ್ಲಿ ಒಬ್ರು ಕೊಟ್ರು ಕಾಕ. ನಾಳೆ ಜೆಬೆಲ್ ಶಮ್ಸ್‌ಗೆ ಹೋಗ್ತೇವೆ ಅಂತ ಫ್ಲೋಯ್ಡ್ ಹತ್ರ ಫೋನಲ್ಲಿ ಹೇಳ್ತಾ ಇದ್ದೆ, ಕೇಳಿಸ್ಕೊಂಡಿರ್ಬೇಕು. ಊರವರೇ ಅಲ್ವಾ ಅಂತ ತಗೊಂಡೆ." ಅವನ ಧ್ವನಿ ಇಳಿಯಿತು. "ಅವರ ಕೈಯಲ್ಲಿ ಸುಟ್ಟ ಕಲೆ ಇತ್ತು."

ವಿಕ್ಟೋರಿಯಾ ಶಿಲುಬೆಯ ಗುರುತು ಮಾಡಿಕೊಂಡಳು.

"ಯಾರಿಗೆ ಕೊಡ್ಲಿಕ್ಕೆ ಹೇಳಿದ?" ಎಂದು ಕಾಕ ಕೇಳಿದರು.

"ಹೆಸರು ಹೇಳ್ಲಿಲ್ಲ. 'ನನ್ನ ಭಾವ ಇದ್ದಾರೆ, ಅವರೇ ಕೇಳಿ ತಗೊಳ್ತಾರೆ' ಅಂದ್ರು."

ಕಾಕ ಎದ್ದು, ಇವಾನ್‌ನ ಮುಂದೆ ಕೈ ಚಾಚಿದರು.

"ನಾನು ಕೇಳಿ ಆಯ್ತಲ್ಲ ಮಗಾ. ಕಾರಿನ ಕೀ ಕೊಡು, ಡಿಕ್ಕಿಯಿಂದ ಅದನ್ನು ನಾನೇ ತಗೊಳ್ತೇನೆ. ಬೆಟ್ಟದ ಸುದ್ದಿ ನಿನಗೆ ಖಲಾಸ್... ಮತ್ತೆ ಒಂದು ಮಾತು. ಬರುವ ವರ್ಷ ಇದೇ ದಿನಗಳಲ್ಲಿ ಆ ಈರುಳ್ಳಿ ಗೋಣಿಗಳ ಹತ್ರ ನಾನು ಸಿಕ್ಕಿ, 'ಇವಾನ್, ಇದೊಂದು ಪಾರ್ಸೆಲ್ ಉಂಟು' ಅಂದ್ರೆ, ಬೇಡ ಅಂತ ಹೇಳು. ನಾನು ಅತ್ತರೂ, ಚಳಿ ಅಂದ್ರೂ... ಬೇಡ ಅಂತಲೇ ಹೇಳು."